ನೀಹಾರಿಕಾ: ಒಂದು ಹೆಸರಿನ ಅರ್ಥ ಮತ್ತು ಮೂಲ

ನಮ್ಮ ಅಜ್ಜಿಯರ ಕಾಲದಲ್ಲಿ ಹೆಣ್ಣುಮಕ್ಕಳಿಗೆ ಇಡುತ್ತಿದ್ದ ಹೆಸರುಗಳನ್ನು ನೆನೆದುಕೊಂಡರೆ ಲಕ್ಷ್ಮೀ, ಸರಸ್ವತಿ, ಗೌರಮ್ಮ, ಸೀತಮ್ಮ, ಕಾವೇರಿ, ತುಳಸಿ, ರೋಹಿಣಿ ಇವೇ ಮೊದಲಾದವು ಮನಸ್ಸಿಗೆ ಬರುತ್ತವೆ. ದೇವತೆಯ ಹೆಸರು, ಪುರಾಣದ ಸತಿಯ ಹೆಸರು, ನದಿಯ ಹೆಸರು, ಮನೆಯ ಹಿರಿಯಳ ಹೆಸರು: ಈ ನಾಲ್ಕರೊಳಗೇ ಬಹುಮಟ್ಟಿಗೆ ಆಯ್ಕೆ ಮುಗಿಯುತ್ತಿತ್ತು. ಈಚಿನ ತಲೆಮಾರುಗಳಲ್ಲಿ ಈ ಗಡಿ ಸಡಿಲಗೊಂಡು, ಹಿಂದೆ ಯಾರಿಗೂ ಇಲ್ಲದಿದ್ದ ಹೊಸ ಹೆಸರುಗಳು ಶಾಲೆಯ ಹಾಜರಿ ಪುಸ್ತಕದಲ್ಲಿ ಕಾಣಿಸಿಕೊಳ್ಳುತ್ತಿವೆ. ಅಂಥವುಗಳಲ್ಲಿ ‘ನೀಹಾರಿಕಾ’ ಎಂಬುದೂ ಒಂದು. ಕಿವಿಗೆ ಇಂಪಾದ, ಆದರೆ ಅಷ್ಟೇನೂ ಬಳಕೆಯಲ್ಲಿಲ್ಲದ ಹೆಸರು ಇದು.

ಈ ಹೆಸರಿನ ಅರ್ಥವೇನು? ಒಬ್ಬರು ‘ಇಬ್ಬನಿಯ ಹನಿ’ ಎನ್ನುತ್ತಾರೆ. ಮತ್ತೊಬ್ಬರು ‘ನೋಡುತ್ತ ನಿಂತವಳು’ ಎನ್ನುತ್ತಾರೆ. ಮೂರನೆಯವರು ‘ಆಕಾಶದಲ್ಲಿರುವ ಒಂದು ಬಗೆಯ ಮೋಡ’ ಎನ್ನುತ್ತಾರೆ. ಮೂರೂ ಸರಿಯಾಗಿರಲು ಸಾಧ್ಯವೆ? ಜೀವಮಾನವೆಲ್ಲ ತನ್ನದಾಗಿ ಹೊತ್ತು ನಡೆಯುವ ಹೆಸರಿಗೆ ಯಾರೋ ಹೇಳಿದ ಅರ್ಥವನ್ನು ಒಪ್ಪಿ ಸುಮ್ಮನಾಗುವುದಕ್ಕಿಂತ, ಆ ಅರ್ಥ ಹೇಗೆ ಬಂತೆಂದು ವಿಚಾರಿಸಿ ತಿಳಿಯುವುದು ಮೇಲಲ್ಲವೆ? ವಿಜ್ಞಾನದಲ್ಲಿ ನಾವು ಅನುಸರಿಸುವ ಕ್ರಮವನ್ನೇ ಇಲ್ಲಿಯೂ ಅನುಸರಿಸೋಣ. ಮೊದಲು ಪದವನ್ನು ಬಿಡಿಸಿ ನೋಡೋಣ. ಅನಂತರ ಅದರ ಪ್ರಯೋಗಗಳನ್ನು ಪರಿಶೀಲಿಸೋಣ. ಕೊನೆಗೆ ಅದು ಸೂಚಿಸುವ ವಸ್ತುವನ್ನೇ ಕಂಡು ಬರೋಣ.

ಪದದ ರಚನೆ

‘ನೀಹಾರಿಕಾ’ ಎಂಬುದರಲ್ಲಿ ಎರಡು ಭಾಗಗಳಿವೆ. ‘ನೀಹಾರ’ ಎಂಬ ನಾಮಪದ ಒಂದು; ಅದಕ್ಕೆ ‘ಕ’ ಪ್ರತ್ಯಯವು ಸೇರಿ ಸ್ತ್ರೀಲಿಂಗದಲ್ಲಿ ‘ಇಕಾ’ ಎಂದಾಗುವ ಕೊನೆ ಇನ್ನೊಂದು.

ನೀಹಾರವು ಅಚ್ಚ ಸಂಸ್ಕೃತ ಪದ. ‘ನಿ’ ಎಂಬ ಉಪಸರ್ಗವೂ ‘ಹೃ’ ಎಂಬ ಧಾತುವೂ ಕೂಡಿ ಇದು ಸಿದ್ಧವಾಗಿದೆ. ಆಹಾರ, ವಿಹಾರ, ಪ್ರಹಾರ, ಸಂಹಾರ ಇವೆಲ್ಲವೂ ಇದೇ ‘ಹೃ’ ಧಾತುವಿನ ಮಕ್ಕಳು. ಹಾಗಾದರೆ ‘ನಿಹಾರ’ ಎಂದಾಗಬೇಕಿದ್ದುದು ‘ನೀಹಾರ’ ಎಂದೇಕಾಯಿತು? ಇಂಥ ಪದಗಳಲ್ಲಿ ಉಪಸರ್ಗದ ಕೊನೆಯ ಸ್ವರವು ಅನೇಕ ವೇಳೆ ದೀರ್ಘವಾಗುವುದೆಂದು ಪಾಣಿನಿಯ ವ್ಯಾಕರಣದಲ್ಲಿ ಒಂದು ವಿಧಿಯಿದೆ. ಪ್ರತಿಹಾರ ಎಂಬುದು ಪ್ರತೀಹಾರ ಎಂದೂ, ಪರಿಹಾರ ಎಂಬುದು ಪರೀಹಾರ ಎಂದೂ ಆಗುವುದು ಇದೇ ರೀತಿ. ಆದುದರಿಂದ ‘ನೀ’ ಎಂಬ ದೀರ್ಘವೇ ಈ ಪದದ ರೂಢಿಯ ರೂಪ. ನಿತ್ಯದ ಬರವಣಿಗೆಯಲ್ಲಿ ‘ನಿಹಾರಿಕಾ’ ಎಂದು ಹ್ರಸ್ವದಿಂದ ಬರೆಯುವವರೂ ಉಂಟು. ಆ ಕಾರಣಕ್ಕಾಗಿ ಯಾರೂ ತಮ್ಮ ಹೆಸರನ್ನು ತಿದ್ದಿಸಿಕೊಳ್ಳಬೇಕಾದುದಿಲ್ಲ. ಮೂಲವನ್ನು ತಿಳಿದಿದ್ದರೆ ಸಾಕು.

ಇನ್ನು ‘ಇಕಾ’ ಎಂಬ ಕೊನೆಯನ್ನು ನೋಡೋಣ. ಲತಾ ಎಂದರೆ ಬಳ್ಳಿ. ಲತಿಕಾ ಎಂದರೆ ಪುಟ್ಟ ಬಳ್ಳಿ. ಪುಸ್ತಕವು ದೊಡ್ಡದು, ಪುಸ್ತಿಕಾ ಎಂದರೆ ಕಿರುಹೊತ್ತಗೆ. ಚಂದ್ರನಿಗೆ ಸಂಬಂಧಿಸಿದ ಬೆಳಕು ಚಂದ್ರಿಕಾ. ಅಂದರೆ ಈ ಕೊನೆಯು ಕಿರಿದುತನವನ್ನಾಗಲಿ, ಸಂಬಂಧವನ್ನಾಗಲಿ, ಹೋಲಿಕೆಯನ್ನಾಗಲಿ ಸೂಚಿಸುತ್ತದೆ. ಇದರಂತೆ ನೀಹಾರಿಕಾ ಎಂದರೆ ‘ಪುಟ್ಟ ನೀಹಾರ’ ಅಥವಾ ‘ನೀಹಾರದಂತೆ ಇರುವುದು’ ಎಂದಾಗುತ್ತದೆ.

ಸಂಸ್ಕೃತದ ಆಕಾರಾಂತ ಪದಗಳು ಕನ್ನಡಕ್ಕೆ ಬರುವಾಗ ಎಕಾರಾಂತವಾಗುವುದನ್ನು ವಿದ್ಯಾರ್ಥಿಗಳು ವ್ಯಾಕರಣದಲ್ಲಿ ಓದಿರುತ್ತಾರೆ. ಗಂಗಾ ಗಂಗೆಯಾಗುತ್ತಾಳೆ, ಮಾಲಿಕಾ ಮಾಲಿಕೆಯಾಗುತ್ತದೆ. ಹಾಗೆಯೇ ನಮ್ಮ ವಿಜ್ಞಾನ ಗ್ರಂಥಗಳಲ್ಲಿ ಈ ಪದವು ‘ನೀಹಾರಿಕೆ’ ಎಂದಿದೆ. ವಸ್ತುವಿಗೆ ನೀಹಾರಿಕೆ, ವ್ಯಕ್ತಿಗೆ ನೀಹಾರಿಕಾ: ಇದು ಒಂದೇ ಪದದ ಎರಡು ವೇಷ.

ನೀಹಾರವೆಂದರೆ ಏನು?

ಅಮರಕೋಶವನ್ನು ತೆರೆದರೆ ನೀಹಾರದ ಸಂಗಡ ಹಿಮ, ತುಹಿನ, ತುಷಾರ, ಪ್ರಾಲೇಯ, ಅವಶ್ಯಾಯ, ಮಿಹಿಕಾ ಎಂಬ ಪದಗಳು ಒಂದೇ ಗುಂಪಿನಲ್ಲಿ ಸಿಗುತ್ತವೆ. ಚಳಿಯ ಕಾಲದ ತೇವವೆಲ್ಲವೂ, ಅದು ಹನಿಯಾಗಿರಲಿ, ಹೊಗೆಯಂತಿರಲಿ, ಗಡ್ಡೆಗಟ್ಟಿರಲಿ, ಆ ಕೋಶಕಾರನಿಗೆ ಒಂದೇ ಕುಟುಂಬ. ‘ಇಬ್ಬನಿ’ ಎಂಬ ಅರ್ಥ ಹುಟ್ಟಿದುದು ಬಹುಶಃ ಇಲ್ಲಿಂದಲೇ.

ಆದರೆ ಭೌತವಿಜ್ಞಾನವು ಈ ಕುಟುಂಬದವರನ್ನು ಬೇರೆಬೇರೆಯಾಗಿ ಗುರುತಿಸುತ್ತದೆ. ಮೋಡವಿಲ್ಲದ ಚಳಿಯ ರಾತ್ರಿಯಲ್ಲಿ ನೆಲವೂ ಹುಲ್ಲೂ ತಮ್ಮ ಶಾಖವನ್ನು ವಿಕಿರಣದ ಮೂಲಕ ಕಳೆದುಕೊಂಡು ತಣ್ಣಗಾಗುತ್ತವೆ. ಅವುಗಳನ್ನು ಸೋಕಿದ ಗಾಳಿಯಲ್ಲಿನ ನೀರಾವಿ ಹುಲ್ಲಿನ ಮೇಲೆಯೇ ಹನಿಯಾಗಿ ಕೂರುತ್ತದೆ. ಇದು ಇಬ್ಬನಿ. ಅದು ಮೇಲಿನಿಂದ ‘ಬೀಳುವುದಿಲ್ಲ’. ಬಿದ್ದ ಕಡೆಯಲ್ಲಿಯೇ ಹುಟ್ಟುತ್ತದೆ. ನೆಲದ ಮೇಲಣ ಗಾಳಿಯ ಪದರವೇ ತಣ್ಣಗಾಗಿ, ಅದರಲ್ಲಿ ತೇಲುವ ಧೂಳಿನ ಕಣಗಳನ್ನು ಆಶ್ರಯಿಸಿ ನೀರಾವಿಯು ಅತಿ ಸೂಕ್ಷ್ಮ ಹನಿಗಳಾದರೆ ಅದು ಮಂಜು. ಕೆಲವು ಕಡೆ ಕಾವಳವೆಂದೂ ಹೇಳುತ್ತಾರೆ. ಈ ಹನಿಗಳು ಒಂದು ಮಿಲಿಮೀಟರಿನ ನೂರರಲ್ಲಿ ಒಂದು ಪಾಲಿನಷ್ಟು ಚಿಕ್ಕವಾದುದರಿಂದ ಗಾಳಿಯಲ್ಲಿಯೇ ನಿಲ್ಲುತ್ತವೆ. ಒಂದು ಕಿಲೋಮೀಟರಿನಾಚೆಯ ವಸ್ತು ಕಾಣದಷ್ಟು ಅದು ದಟ್ಟವಾದಾಗ ಹವಾಮಾನ ಶಾಸ್ತ್ರಜ್ಞರು ಅದನ್ನು ಮಂಜಿನ ವರ್ಗಕ್ಕೆ ಸೇರಿಸುತ್ತಾರೆ.

ಇವುಗಳಲ್ಲಿ ನೀಹಾರ ಯಾವುದು? ಕೋಶವು ನಿರ್ಣಯಿಸದಿದ್ದುದನ್ನು ಪ್ರಯೋಗವು ನಿರ್ಣಯಿಸುತ್ತದೆ. ಋಗ್ವೇದದ 10ನೆಯ ಮಂಡಲದ 82ನೆಯ ಸೂಕ್ತದಲ್ಲಿ ಈ ಪದ ಬಂದಿದೆ. ಇವೆಲ್ಲವನ್ನೂ ಸೃಷ್ಟಿಸಿದವನನ್ನು ಅರಿಯದೆ ಬರಿಯ ಮಾತಿನಲ್ಲಿ ಮುಳುಗಿದವರು ನೀಹಾರದಿಂದ ಮುಸುಕಿದವರಂತೆ ಅಲೆಯುತ್ತಾರೆಂಬುದು ಅಲ್ಲಿಯ ಭಾವ. ಮಹಾಭಾರತದ ಆದಿಪರ್ವದಲ್ಲಿ ಯಮುನೆಯ ದೋಣಿಯಲ್ಲಿದ್ದ ಸತ್ಯವತಿಯು ದಡದಲ್ಲಿರುವವರು ನೋಡುತ್ತಾರೆಂದು ಸಂಕೋಚಪಡಲು, ಪರಾಶರ ಮುನಿಯು ಸುತ್ತಲೂ ನೀಹಾರವನ್ನು ಸೃಷ್ಟಿಸಿದನೆಂದು ಹೇಳಿದೆ. ಹುಲ್ಲಿನ ತುದಿಯ ಇಬ್ಬನಿಯು ಯಾರನ್ನೂ ಮರೆಮಾಡಲಾರದು. ಮುಸುಕುವುದು, ಮರೆಮಾಡುವುದು ಮಂಜಿನ ಗುಣ. ಆದುದರಿಂದ ನೀಹಾರದ ಮುಖ್ಯಾರ್ಥ ಮಂಜು; ಇಬ್ಬನಿ ಎಂಬುದು ಅದರ ನೆರೆಮನೆಯ ಅರ್ಥ.

‘ನೋಡುವವಳು’ ಎಂಬ ಅರ್ಥದ ಗತಿಯೇನು? ಹಿಂದಿಯಲ್ಲಿ ‘ನಿಹಾರ್‌ನಾ’ ಎಂಬ ಕ್ರಿಯಾಪದಕ್ಕೆ ಎವೆಯಿಕ್ಕದೆ ನೋಡು ಎಂಬ ಅರ್ಥವಿದೆ. ಆದರೆ ಅದು ಸಂಸ್ಕೃತದ ‘ನಿಭಾಲಯತಿ’ ಎಂಬ ರೂಪದಿಂದ ಪ್ರಾಕೃತದ ಮೂಲಕ ಸವೆದು ಬಂದ ಪದ. ಅದಕ್ಕೂ ‘ಹೃ’ ಧಾತುವಿಗೂ ಸಂಬಂಧವಿಲ್ಲ. ಧ್ವನಿಸಾಮ್ಯವು ರಕ್ತಸಂಬಂಧವಲ್ಲ. ಕನ್ನಡದ ‘ಮಂಜು’ ಹಿಮವನ್ನೂ, ಸಂಸ್ಕೃತದ ‘ಮಂಜು’ ಮನೋಹರವಾದುದನ್ನೂ ಹೇಳುವಂತೆಯೇ ಇದು.

ಮಂಜು ಆಕಾಶಕ್ಕೆ ಏರಿದ ಬಗೆ

ಅಮರಕೋಶದಲ್ಲಿ ನೀಹಾರವಿದೆ, ನೀಹಾರಿಕಾ ಇಲ್ಲ. ಈ ಎರಡನೆಯ ರೂಪವು ಪ್ರಚಾರಕ್ಕೆ ಬಂದುದು ಆಧುನಿಕ ಖಗೋಳವಿಜ್ಞಾನವನ್ನು ಭಾರತೀಯ ಭಾಷೆಗಳಲ್ಲಿ ಬರೆಯತೊಡಗಿದ ಮೇಲೆ. ಪಾಶ್ಚಾತ್ಯರು ಆಕಾಶದಲ್ಲಿ ಮಬ್ಬಾಗಿ ಕಾಣುವ ಬೆಳಕಿನ ತುಣುಕುಗಳನ್ನು ‘ನೆಬ್ಯುಲ’ ಎಂದು ಕರೆಯುತ್ತಿದ್ದರು. ಲ್ಯಾಟಿನ್ ಭಾಷೆಯಲ್ಲಿ ಆ ಪದಕ್ಕೆ ಮಂಜು ಎಂದೇ ಅರ್ಥ. ಜರ್ಮನರ ‘ನೇಬೆಲ್’ ಎಂಬ ಪದವು ಇಂದಿಗೂ ಬೆಳಗಿನ ಮಂಜನ್ನೂ ಆಕಾಶದ ನೀಹಾರಿಕೆಯನ್ನೂ ಒಟ್ಟಿಗೆ ಹೇಳುತ್ತದೆ. ಈ ಅರ್ಥವನ್ನು ಹಿಡಿದು ನಮ್ಮವರು ‘ನೀಹಾರಿಕಾ’ ಎಂದರು. ಬಂಗಾಳಿ, ಹಿಂದಿ, ಕನ್ನಡಗಳಲ್ಲಿ ಇದು ನೆಲೆನಿಂತಿತು. ಮರಾಠಿಯವರು ‘ತೇಜೋಮೇಘ’ ಎಂಬ ಬೇರೆ ಪದವನ್ನು ಬಳಸಿದರು. ರವೀಂದ್ರನಾಥ ಠಾಕೂರರು 1937ರಲ್ಲಿ ಜನಸಾಮಾನ್ಯರಿಗಾಗಿ ಬರೆದ ‘ವಿಶ್ವಪರಿಚಯ’ ಎಂಬ ಬಂಗಾಳಿ ವಿಜ್ಞಾನಗ್ರಂಥದಲ್ಲಿಯೂ ನೀಹಾರಿಕೆಯ ಮಾತು ಬರುತ್ತದೆ.

ಇಲ್ಲಿ ಒಂದು ಸ್ವಾರಸ್ಯವಿದೆ. ಲ್ಯಾಟಿನ್ನಿನ ‘ನೆಬ್ಯುಲ’ಕ್ಕೆ ಸಂಸ್ಕೃತದಲ್ಲಿ ಒಡಹುಟ್ಟಿದ ಪದವೊಂದುಂಟು, ಅದೇ ‘ನಭಸ್’. ವೇದಕಾಲದಲ್ಲಿ ಅದಕ್ಕೆ ಮಂಜು, ಮೋಡ ಎಂಬ ಅರ್ಥಗಳಿದ್ದುವು. ಕಾಲಕ್ರಮದಲ್ಲಿ ಅರ್ಥವು ಹಿಗ್ಗಿ, ಮೋಡವನ್ನು ಹೊತ್ತ ಆಕಾಶವೇ ‘ನಭ’ವಾಯಿತು. ಹೀಗೆ ಒಡಹುಟ್ಟಿದ ಪದವು ಆಕಾಶದಷ್ಟು ದೊಡ್ಡದಾಗಿ ಹೋಗಿದ್ದುದರಿಂದ, ಅದರೊಳಗಿನ ಪುಟ್ಟ ಮಬ್ಬಿಗೆ ‘ನೀಹಾರಿಕಾ’ ಎಂಬ ಹೆಸರು ಬಹಳ ಚೆನ್ನಾಗಿ ಹೊಂದಿಕೊಂಡಿತು.

ವಿಜ್ಞಾನ ಕಂಡ ನೀಹಾರಿಕೆ

ಹೆಸರು ಮಂಜಿನದು. ಆದರೆ ಆ ವಸ್ತುವು ನಿಜವಾಗಿ ಮಂಜೇ? ಈ ಪ್ರಶ್ನೆಗೆ ಉತ್ತರ ದೊರೆಯಲು ಶತಮಾನಗಳೇ ಹಿಡಿದುವು.

ಕ್ರಿ.ಶ. 2ನೆಯ ಶತಮಾನದ ಟಾಲೆಮಿಯು ತನ್ನ ನಕ್ಷತ್ರಪಟ್ಟಿಯಲ್ಲಿ ಕೆಲವನ್ನು ‘ಮಬ್ಬು ತಾರೆಗಳು’ ಎಂದು ಗುರುತಿಸಿದ್ದನು. 964ರ ಸುಮಾರಿಗೆ ಪರ್ಷಿಯದ ಅಲ್ ಸೂಫಿಯು ಆಂಡ್ರೊಮಿಡಾ ರಾಶಿಯಲ್ಲಿ ಒಂದು ‘ಪುಟ್ಟ ಮೋಡ’ವನ್ನು ಕಂಡುದಾಗಿ ಬರೆದನು. 1610ರಲ್ಲಿ ಗೆಲಿಲಿಯೊ ತನ್ನ ದೂರದರ್ಶಕವನ್ನು ಕರ್ಕಾಟಕ ರಾಶಿಯ ಮಬ್ಬಿನ ಕಡೆಗೆ ತಿರುಗಿಸಿದಾಗ ಅದು ಮಬ್ಬಲ್ಲ, ಒತ್ತಾಗಿ ನೆರೆದ ಹಲವು ನಕ್ಷತ್ರಗಳೆಂದು ತಿಳಿದುಬಂತು. ನಮ್ಮ ಪುಷ್ಯ ನಕ್ಷತ್ರವಿರುವ ತಾಣವೇ ಅದು. ಅಂದಮೇಲೆ ಎಲ್ಲ ಮಬ್ಬುಗಳೂ ದೂರದ ನಕ್ಷತ್ರಗುಚ್ಛಗಳೇ ಇರಬಹುದೆ ಎಂಬ ಸಂದೇಹ ಹುಟ್ಟಿತು.

ಫ್ರಾನ್ಸಿನ ಷಾರ್ಲ್ ಮೆಸ್ಸಿಯೆ ಧೂಮಕೇತುಗಳನ್ನು ಹುಡುಕುವವನು. ಚಲಿಸದೆ ನಿಂತ ಈ ಮಬ್ಬುಗಳು ಅವನನ್ನು ಪದೇ ಪದೇ ಮೋಸಗೊಳಿಸುತ್ತಿದ್ದುವು. ಇವು ಧೂಮಕೇತುಗಳಲ್ಲವೆಂದು ಎಚ್ಚರಿಸಲು ಆತನು ಸಿದ್ಧಪಡಿಸಿದ ಪಟ್ಟಿಯಲ್ಲಿ, 1781ರ ಹೊತ್ತಿಗೆ, 103 ವಸ್ತುಗಳಿದ್ದುವು. ಅಡ್ಡಿಯೆಂದು ಬದಿಗಿಟ್ಟ ಆ ಪಟ್ಟಿಯಿಂದಲೇ ಇಂದು ಆತನ ಹೆಸರು ಉಳಿದಿದೆ. ಅನಂತರ ವಿಲಿಯಂ ಹರ್ಷೆಲ್ ತನ್ನ ತಂಗಿ ಕ್ಯಾರೊಲಿನಳ ನೆರವಿನಿಂದ ಸುಮಾರು 2,500 ನೀಹಾರಿಕೆಗಳನ್ನೂ ನಕ್ಷತ್ರಗುಚ್ಛಗಳನ್ನೂ ಪಟ್ಟಿ ಮಾಡಿದನು. ಕ್ಯಾರೊಲಿನಳು ಸ್ವತಂತ್ರವಾಗಿಯೂ ಇಂಥ ಹಲವನ್ನು ಕಂಡುಹಿಡಿದಳು.

ನಿರ್ಣಾಯಕವಾದ ಸಾಕ್ಷ್ಯ ದೊರೆತುದು 1864ರ ಆಗಸ್ಟ್ 29ರ ರಾತ್ರಿ. ಇಂಗ್ಲೆಂಡಿನ ವಿಲಿಯಂ ಹಗ್ಗಿನ್ಸ್ ಡ್ರೇಕೊ ರಾಶಿಯ ಒಂದು ನೀಹಾರಿಕೆಯ ಬೆಳಕನ್ನು ರೋಹಿತದರ್ಶಕದ ಮೂಲಕ ನೋಡಿದನು. ಅದು ನಕ್ಷತ್ರಗಳ ಗುಂಪಾಗಿದ್ದರೆ ಕಾಮನಬಿಲ್ಲಿನಂಥ ಅಖಂಡ ಬಣ್ಣದ ಪಟ್ಟಿ ಕಾಣಬೇಕಾಗಿತ್ತು. ಕಂಡುದೋ ಕೆಲವೇ ಉಜ್ಜ್ವಲ ರೇಖೆಗಳು. ಕಾದು ಬೆಳಗುವ ವಿರಳ ಅನಿಲ ಮಾತ್ರ ಅಂಥ ರೇಖೆಗಳನ್ನು ಕೊಡಬಲ್ಲದು. ಅಂದರೆ ಕೆಲವು ನೀಹಾರಿಕೆಗಳಾದರೂ ನಿಜವಾದ ಅನಿಲದ ಮೋಡಗಳೇ ಎಂದು ಸಿದ್ಧವಾಯಿತು.

ಆ ರೇಖೆಗಳಲ್ಲಿ ಹಸುರು ಬಣ್ಣದ ಒಂದೆರಡು ಭೂಮಿಯ ಯಾವ ಧಾತುವಿಗೂ ಹೊಂದಲಿಲ್ಲ. ವಿಜ್ಞಾನಿಗಳು ಅದನ್ನು ಹೊಸ ಧಾತುವೆಂದು ಬಗೆದು, ನೀಹಾರಿಕೆಯ ಹೆಸರಿನಿಂದಲೇ ‘ನೆಬ್ಯೂಲಿಯಂ’ ಎಂದು ಕರೆದರು. ಸುಮಾರು ಆರು ದಶಕಗಳ ತರುವಾಯ, 1927ರಲ್ಲಿ, ಅಮೆರಿಕದ ಐರಾ ಬೋವೆನ್ ಅದು ಎರಡು ಎಲೆಕ್ಟ್ರಾನುಗಳನ್ನು ಕಳೆದುಕೊಂಡ ನಮ್ಮ ಪರಿಚಯದ ಆಮ್ಲಜನಕವೇ ಎಂದು ತೋರಿಸಿದನು. ಹೆಸರು ಇದ್ದ ಮಾತ್ರಕ್ಕೆ ವಸ್ತುವು ಇರಲೇಬೇಕೆಂಬ ನಿಯಮವಿಲ್ಲ. ನೆಬ್ಯೂಲಿಯಂ ಎಂಬುದು ಒಡೆಯನಿಲ್ಲದ ಹೆಸರಾಗಿತ್ತು.

ಎಲ್ಲ ಮಬ್ಬುಗಳೂ ಅನಿಲವೂ ಅಲ್ಲ. 1923ರಲ್ಲಿ ಎಡ್ವಿನ್ ಹಬ್ಬಲ್ ಆಂಡ್ರೊಮಿಡಾ ನೀಹಾರಿಕೆಯಲ್ಲಿ ಕ್ರಮವಾಗಿ ಮಿನುಗುವ ಒಂದು ಸಿಫೀಡ್ ನಕ್ಷತ್ರವನ್ನು ಗುರುತಿಸಿದನು. ಅಂಥ ನಕ್ಷತ್ರಗಳ ಮಿನುಗಿನ ಅವಧಿಗೂ ನಿಜವಾದ ಕಾಂತಿಗೂ ಸಂಬಂಧವುಂಟೆಂದು ಹೆನ್ರಿಯೆಟಾ ಲೆವಿಟ್ ಎಂಬಾಕೆ ಮೊದಲೇ ತೋರಿಸಿದ್ದಳು. ಅದರಿಂದ ದೂರವನ್ನು ಲೆಕ್ಕ ಹಾಕಲು, ಆ ‘ಪುಟ್ಟ ಮೋಡ’ವು ನಮ್ಮ ಆಕಾಶಗಂಗೆಯ ಆಚೆಗಿರುವ ಇನ್ನೊಂದು ಆಕಾಶಗಂಗೆಯೆಂದು ಹೊರಪಟ್ಟಿತು. ಇಂದಿನ ಗಣನೆಯಂತೆ ಅದು ಸುಮಾರು 25 ಲಕ್ಷ ಜ್ಯೋತಿರ್ವರ್ಷಗಳ ದೂರದಲ್ಲಿದೆ. ಹೀಗೆ ಅದು ನೀಹಾರಿಕೆಗಳ ಪಟ್ಟಿಯಿಂದ ಹೊರಬಿತ್ತು. ಈಗ ನೀಹಾರಿಕೆ ಎಂಬ ಪದವನ್ನು ನಕ್ಷತ್ರಗಳ ನಡುವಣ ಅನಿಲ ಮತ್ತು ಧೂಳಿನ ಮೋಡಗಳಿಗೆ ಮಾತ್ರ ಬಳಸುತ್ತೇವೆ.

ಹುಟ್ಟಿನ ಮನೆ, ಸಾವಿನ ಮನೆ

ಮಹಾವ್ಯಾಧ ನಕ್ಷತ್ರಪುಂಜದ ನೀಹಾರಿಕೆಯು ಇವುಗಳಲ್ಲಿ ಸುಪ್ರಸಿದ್ಧವಾದುದು. ಅದರ ದೂರ ಸುಮಾರು 1,350 ಜ್ಯೋತಿರ್ವರ್ಷ. ಅದರೊಳಗೆ ಹೊಸ ನಕ್ಷತ್ರಗಳು ಇಂದಿಗೂ ಹುಟ್ಟುತ್ತಿವೆ. ಅವುಗಳಲ್ಲಿ ಅತ್ಯಂತ ಬಿಸಿಯಾದ ಕೆಲವು ತಾರೆಗಳ ಅತಿನೇರಳೆ ಕಿರಣಗಳು ಸುತ್ತಲಿನ ಜಲಜನಕವನ್ನು ಬೆಳಗಿಸುತ್ತವೆ. ಕೃತ್ತಿಕೆಯ ಸುತ್ತಲಿನ ನೀಹಾರಿಕೆಯಾದರೋ ಸ್ವಂತ ಬೆಳಕಿಲ್ಲದೆ, ತನ್ನ ಧೂಳಿನಿಂದ ನಕ್ಷತ್ರಗಳ ನೀಲಿ ಬೆಳಕನ್ನು ಚದರಿಸಿ ಹೊಳೆಯುತ್ತದೆ. ಬೆಳಕೇ ಇಲ್ಲದ ಕಪ್ಪು ನೀಹಾರಿಕೆಗಳೂ ಉಂಟು. ಅವು ಹಿಂದಿನ ಬೆಳಕನ್ನು ಮರೆಮಾಡುವುದರಿಂದಲೇ ನಮಗೆ ತಿಳಿಯುತ್ತವೆ. ಕುದುರೆಯ ತಲೆಯ ಆಕಾರದ ಅಂಥ ಒಂದನ್ನು 1888ರಲ್ಲಿ ಹಾರ್ವರ್ಡ್ ವೀಕ್ಷಣಾಲಯದ ವಿಲಿಯಮಿನಾ ಫ್ಲೆಮಿಂಗ್ ಛಾಯಾಚಿತ್ರದಲ್ಲಿ ಪತ್ತೆಮಾಡಿದಳು. ಇನ್ನು ಕೆಲವು ನೀಹಾರಿಕೆಗಳು ಸತ್ತ ನಕ್ಷತ್ರಗಳ ಅವಶೇಷಗಳು. 1054ರಲ್ಲಿ ಚೀನೀಯರು ಹಗಲಿನಲ್ಲಿಯೇ ಕಂಡು ದಾಖಲಿಸಿದ ಸೂಪರ್‌ನೋವಾದ ಅವಶೇಷವೇ ಇಂದಿನ ಏಡಿ ನೀಹಾರಿಕೆ. ನಕ್ಷತ್ರಗಳ ತೊಟ್ಟಿಲೂ ನೀಹಾರಿಕೆಯೇ, ಸಮಾಧಿಯೂ ನೀಹಾರಿಕೆಯೇ. ನಮ್ಮ ಸೂರ್ಯನೂ ಭೂಮಿಯೂ ಸುಮಾರು 460 ಕೋಟಿ ವರ್ಷಗಳ ಹಿಂದೆ ಇಂಥ ಮೋಡವೊಂದರಿಂದಲೇ ರೂಪುಗೊಂಡುವು.

ಹೆಸರು ಎಷ್ಟು ಸರಿ?

ಈಗ ಮೊದಲ ಪ್ರಶ್ನೆಗೆ ಹಿಂದಿರುಗೋಣ. ನಾವು ಉಸಿರಾಡುವ ಗಾಳಿಯ ಒಂದು ಘನ ಸೆಂಟಿಮೀಟರಿನಲ್ಲಿ 25ರ ಮುಂದೆ 18 ಸೊನ್ನೆಗಳನ್ನಿಟ್ಟಷ್ಟು ಅಣುಗಳಿವೆ. ಮಹಾವ್ಯಾಧದ ನೀಹಾರಿಕೆಯ ಅಷ್ಟೇ ಜಾಗದಲ್ಲಿರುವುದು ಕೆಲವು ನೂರರಿಂದ ಕೆಲವು ಸಾವಿರ ಪರಮಾಣುಗಳು. ಪ್ರಯೋಗಶಾಲೆಯ ಒಳ್ಳೆಯ ನಿರ್ವಾತವೂ ಇದಕ್ಕಿಂತ ದಟ್ಟ. ಅದರ ಉಷ್ಣತೆಯೋ ಸುಮಾರು 10,000 ಡಿಗ್ರಿ! ತಂಪಾದ, ಹನಿಗಳಿಂದಾದ ಮಂಜಿಗೂ ಇದಕ್ಕೂ ಎತ್ತಣ ಸಂಬಂಧ? ಈ ದೃಷ್ಟಿಯಿಂದ ನೋಡಿದರೆ ಹೆಸರು ಕೇವಲ ಹೋಲಿಕೆ; ದೂರದಿಂದ ಕಂಡ ಕಣ್ಣಿನ ಸಾಕ್ಷಿ.

ಆದರೆ ಕಪ್ಪು ನೀಹಾರಿಕೆಗಳ ಒಳಗನ್ನು ನೋಡಿದಾಗ ವಿಷಯವು ಬೇರೆ ತಿರುವು ಪಡೆಯುತ್ತದೆ. ಅಲ್ಲಿಯ ಚಳಿ ಸೊನ್ನೆಗಿಂತ ಸುಮಾರು 260 ಡಿಗ್ರಿ ಕೆಳಗೆ. ಆ ಚಳಿಯಲ್ಲಿ ಧೂಳಿನ ಸೂಕ್ಷ್ಮಕಣಗಳ ಮೇಲೆ ನೀರು ಹಿಮವಾಗಿ ಕಟ್ಟಿಕೊಳ್ಳುತ್ತದೆ. ಮಹಾವ್ಯಾಧದ ದಿಕ್ಕಿನಲ್ಲಿ ಈ ಹಿಮದ ಗುರುತನ್ನು ಅವಕೆಂಪು ಕಿರಣಗಳ ರೋಹಿತದಲ್ಲಿ 1973ರಲ್ಲಿ ಕಂಡುಕೊಂಡರು. 2021ರಲ್ಲಿ ಆಕಾಶಕ್ಕೇರಿದ ಜೇಮ್ಸ್ ವೆಬ್ ದೂರದರ್ಶಕವು ಇಂಥ ಮೋಡವೊಂದರಲ್ಲಿ ನೀರಿನ ಹಿಮವನ್ನಲ್ಲದೆ ಇಂಗಾಲದ ಡೈಆಕ್ಸೈಡ್, ಅಮೋನಿಯಾ, ಮೀಥೇನ್, ಮೆಥನಾಲ್ ಇವುಗಳ ಹಿಮವನ್ನೂ ಗುರುತಿಸಿತು. ಆ ಫಲಿತಾಂಶ 2023ರಲ್ಲಿ ಪ್ರಕಟವಾಯಿತು. ಹೆಸರಿಟ್ಟವರು ಕೇವಲ ಹೋಲಿಕೆಗಾಗಿ ತಂದ ಪದವು ಕೆಲವು ನೀಹಾರಿಕೆಗಳಲ್ಲಿ ಅಕ್ಷರಶಃ ನಿಜವಾಯಿತು. ಅಮರಕೋಶದ ಹಿಮ, ತುಷಾರಗಳ ಕುಟುಂಬವು ಅಲ್ಲಿ ನಿಜವಾಗಿಯೂ ಮನೆ ಮಾಡಿದೆ.

ಮನುಸ್ಮೃತಿಯ 2ನೆಯ ಅಧ್ಯಾಯದಲ್ಲಿ, ಹೆಣ್ಣುಮಗುವಿನ ಹೆಸರು ಸುಲಭವಾಗಿ ಉಚ್ಚರಿಸುವಂತಿರಬೇಕು, ಅದರ ಅರ್ಥ ಸ್ಪಷ್ಟವಾಗಿರಬೇಕು, ದೀರ್ಘಸ್ವರದಲ್ಲಿ ಕೊನೆಗೊಳ್ಳಬೇಕು ಎಂದು ಹೇಳಿದೆ. ಅದೇ ಗ್ರಂಥವು ಮುಂದಿನ ಅಧ್ಯಾಯದಲ್ಲಿ ನಕ್ಷತ್ರದ, ಮರದ, ನದಿಯ ಹೆಸರುಳ್ಳ ಕನ್ಯೆಯನ್ನು ವರಿಸಬಾರದೆಂದಿದೆ. ಆದರೆ ನಮ್ಮ ಜನರು ಈ ನಿಷೇಧಕ್ಕೆ ಕಿವಿಗೊಡದೆ ರೋಹಿಣಿ, ರೇವತಿ, ತುಳಸಿ, ಕಾವೇರಿಯರನ್ನು ಮನೆತುಂಬ ಕರೆದರು. ಆ ಸಾಲಿಗೆ ಸೇರಿದ ಹೊಸಬಳು ನೀಹಾರಿಕಾ. ಅವಳ ಹೆಸರು ದೀರ್ಘಸ್ವರದಲ್ಲಿಯೇ ಕೊನೆಗೊಳ್ಳುತ್ತದೆ; ಅರ್ಥವೂ ಈಗ ಸ್ಪಷ್ಟವಾಯಿತು. ಪದಾರ್ಥದಲ್ಲಿ ಅದು ಪುಟ್ಟ ಮಂಜು. ರೂಢಿಯಲ್ಲಿ ಅದು ನಕ್ಷತ್ರಗಳು ಹುಟ್ಟುವ ಮೋಡ.

ವಿದ್ಯಾರ್ಥಿಗಳಿಗೆ

ಡಿಸೆಂಬರಿನಿಂದ ಮಾರ್ಚಿಯವರೆಗಿನ ಸಂಜೆಗಳಲ್ಲಿ, ದೀಪಗಳ ಬೆಳಕು ಇಲ್ಲದ ಕಡೆ ನಿಂತು ಮಹಾವ್ಯಾಧನನ್ನು ಹುಡುಕಿರಿ. ನೇರವಾಗಿ ಸಾಲುಗೊಂಡ ಮೂರು ತಾರೆಗಳು ಅವನ ನಡುಪಟ್ಟಿ. ಅದರಿಂದ ದಕ್ಷಿಣಕ್ಕೆ ಕತ್ತಿಯಂತೆ ಇಳಿಬಿದ್ದ ಕಿರುತಾರೆಗಳಲ್ಲಿ ನಡುವಿನದು ಮಬ್ಬಾಗಿ ಕಾಣುತ್ತದೆ. ಅದೇ ನೀಹಾರಿಕೆ. ಸಾಧಾರಣ ದುರ್ಬೀನು ಇದ್ದರೆ ಅದರ ಮಂಜಿನಂಥ ರೂಪವು ಇನ್ನೂ ಚೆನ್ನಾಗಿ ಗೋಚರಿಸುವುದು.

ಬಳಿಕ ಈ ಮೂರು ಪ್ರಶ್ನೆಗಳನ್ನು ನೀವೇ ಬಿಡಿಸಲು ಯತ್ನಿಸಿರಿ.

1. ‘ತುಹಿನಾ’, ‘ಮಂಜುಳಾ’ ಎಂಬ ಎರಡು ಹೆಸರುಗಳಲ್ಲಿ ಹಿಮಕ್ಕೆ ಸಂಬಂಧಿಸಿದುದು ಯಾವುದು? ಇನ್ನೊಂದು ಏಕೆ ಅಲ್ಲ?

2. ಹುಲ್ಲಿನ ಮೇಲಣ ಇಬ್ಬನಿಯು ಮೋಡ ಕವಿದ ರಾತ್ರಿಗಿಂತ ತಿಳಿಯಾದ ರಾತ್ರಿಯಲ್ಲಿ ಹೆಚ್ಚಾಗಿರಲು ಕಾರಣವೇನು?

3. ನಿಮ್ಮ ಹೆಸರನ್ನೇ ತೆಗೆದುಕೊಂಡು, ಅದರ ಧಾತು, ಪ್ರತ್ಯಯ, ಹಳೆಯ ಪ್ರಯೋಗ ಇವುಗಳನ್ನು ನಿಘಂಟಿನ ನೆರವಿನಿಂದ ಹುಡುಕಿರಿ. ನೀವು ಇದುವರೆಗೆ ನಂಬಿದ್ದ ಅರ್ಥವು ಈ ಪರೀಕ್ಷೆಯಲ್ಲಿ ನಿಲ್ಲುವುದೆ?